ಕಿವಿಯಿಂದ ಹಿಡಿಯುವ ಚಿತ್ರ

ಕಥಾಚಿತ್ರದ ಸೆಟ್ಟಿನಲ್ಲಿ ಎಲ್ಲರೂ ಕ್ಯಾಮೆರಾಗಾಗಿ ಕಾಯುತ್ತಾರೆ. ಲೈಟ್ ಸರಿಯಾಗಬೇಕು, ಫೋಕಸ್ ಅಳತೆ ಆಗಬೇಕು, ಆಮೇಲೆ ನಿರ್ದೇಶಕರು ‘ಆಕ್ಷನ್’ ಅನ್ನಬೇಕು. ಸಾಕ್ಷ್ಯಚಿತ್ರದಲ್ಲಿ ನಮಗಾಗಿ ಯಾರೂ ಕಾಯುವುದಿಲ್ಲ. ನಾವು ಬ್ಯಾಟರಿ ಬದಲಿಸುತ್ತಿರುವಾಗಲೇ ಮಾತು ಶುರುವಾಗಿಬಿಡುತ್ತದೆ. ಯಾರೋ ಫೋನ್ ಕೆಳಗಿಟ್ಟು ಮಾತಿಲ್ಲದೆ ಕೂತುಬಿಡುತ್ತಾರೆ. ಅದನ್ನು ಇನ್ನೊಮ್ಮೆ ಮಾಡಿ ಎಂದು ಕೇಳುವ ಹಾಗಿಲ್ಲ. ಕೇಳಿದರೂ ಅವರು ಮಾಡುವುದು ಬೇರೆಯೇ ಆಗಿರುತ್ತದೆ.

ಹಾಗಾದರೆ ಕ್ಯಾಮೆರಾ ಯಾವಾಗ ಎತ್ತಬೇಕು, ಯಾರ ಕಡೆ ತಿರುಗಿಸಬೇಕು ಎಂದು ಗೊತ್ತಾಗುವುದು ಹೇಗೆ? ಇಷ್ಟು ವರ್ಷ ಈ ಕೆಲಸ ಮಾಡಿದ ಮೇಲೆ ನನಗೆ ಗಟ್ಟಿಯಾಗಿ ಅನ್ನಿಸಿರುವ ಸಂಗತಿ ಒಂದಿದೆ. ಸಾಕ್ಷ್ಯಚಿತ್ರದ ಛಾಯಾಗ್ರಾಹಕರು ಕಣ್ಣಿಗಿಂತ ಜಾಸ್ತಿ ಕಿವಿಯನ್ನು ನಂಬಿ ಕೆಲಸ ಮಾಡುತ್ತಾರೆ.

ಇಬ್ಬರು ಎದುರುಬದುರು ಕೂತು ಮಾತಾಡುತ್ತಿದ್ದಾರೆ ಅಂದುಕೊಳ್ಳಿ. ಹೊಸಬರು ಮಾತಾಡುವವರ ಕಡೆ ಕ್ಯಾಮೆರಾ ತಿರುಗಿಸುತ್ತಾರೆ. ಇನ್ನೊಬ್ಬರು ಬಾಯಿ ಬಿಟ್ಟ ಕೂಡಲೇ ಅವರ ಕಡೆ ತಿರುಗಿಸುತ್ತಾರೆ. ಹೀಗೆ ಮಾಡಿದರೆ ಕ್ಯಾಮೆರಾ ಪ್ರತಿ ಸಲವೂ ಅರ್ಧ ವಾಕ್ಯ ತಡ. ಎಡಿಟಿಂಗ್ ಟೇಬಲ್ಲಿಗೆ ಹೋದಾಗ ಎಲ್ಲ ಮಾತಿನ ಮೊದಲಲ್ಲೂ ಒಂದು ಗಡಿಬಿಡಿಯ ಪ್ಯಾನ್, ಅಂದರೆ ಕ್ಯಾಮೆರಾ ಪಕ್ಕಕ್ಕೆ ತಿರುಗುವುದು, ಇರುತ್ತದೆ, ಸುಮ್ಮನೆ ಕೇಳುತ್ತಿರುವ ಮುಖ ಎಲ್ಲೂ ಇರುವುದಿಲ್ಲ. ನಿಜವಾಗಿ ಕೇಳಿಸಿಕೊಳ್ಳುವವರಿಗೆ ವಾಕ್ಯ ಮುಗಿಯುವ ಮುಂಚೆಯೇ ಅದು ಮುಗಿಯುತ್ತಿದೆ ಎಂದು ಗೊತ್ತಾಗುತ್ತದೆ. ದನಿ ಇಳಿಯುತ್ತದೆ. ಎದುರಿನವರು ಉಸಿರು ಎಳೆದುಕೊಳ್ಳುವುದು ಹೆಡ್‌ಫೋನಿನಲ್ಲಿ ಕೇಳಿಸುತ್ತದೆ. ಆಗ ತಿರುಗಿದರೆ ಮಾತಿನ ಮೊದಲ ಅಕ್ಷರಕ್ಕೇ ಮುಖ ಫ್ರೇಮಿನಲ್ಲಿ ಇರುತ್ತದೆ. ಪ್ರಶ್ನೆ ಭಾರವಾದದ್ದಾಗಿದ್ದರೆ, ಅದನ್ನು ಕೇಳುತ್ತಿರುವವರನ್ನು ಬಿಟ್ಟು ಅದು ಯಾರ ಮೇಲೆ ಬೀಳುತ್ತಿದೆಯೋ ಅವರ ಮೇಲೇ ನಿಲ್ಲಬೇಕು. ಇದನ್ನು ಹೇಳುವ ಮೀಟರ್ ಯಾವ ಕ್ಯಾಮೆರಾದಲ್ಲೂ ಇಲ್ಲ. ಮಾತು ಅರ್ಥವಾಗಬೇಕು, ಅಷ್ಟೇ.

ಈ ಕೆಲಸ ಹೀಗಾಗಿದ್ದಕ್ಕೆ ಒಂದು ಚರಿತ್ರೆ ಇದೆ. ಅದನ್ನು ಸ್ವಲ್ಪ ಹೇಳಬೇಕು.

1950ರ ದಶಕದ ಕೊನೆಯವರೆಗೂ ಚಿತ್ರ ಮತ್ತು ಶಬ್ದವನ್ನು ಒಟ್ಟಿಗೆ ಹಿಡಿಯಬೇಕೆಂದರೆ ಭಾರಿ ಸಾಮಾನು ಬೇಕಿತ್ತು. ಟ್ರೈಪಾಡು, ಕೇಬಲ್ಲು, ಶಬ್ದ ಹೊರಗೆ ಬಾರದಂತೆ ಮುಚ್ಚಿದ ದೊಡ್ಡ ಕ್ಯಾಮೆರಾ. ಜನ ಕ್ಯಾಮೆರಾ ಇದ್ದಲ್ಲಿಗೆ ಬಂದು ಮಾತಾಡಬೇಕಿತ್ತು. 1948ರ ‘ಲೂಸಿಯಾನಾ ಸ್ಟೋರಿ’ಗೆ ಕ್ಯಾಮೆರಾ ಹಿಡಿದ ರಿಚರ್ಡ್ ಲೀಕಾಕ್ ಅವರಿಗೆ ಕಾಡಿದ್ದು ಇದೇ. ಕೈಯಲ್ಲಿ ಹಿಡಿಯುವ ಸಣ್ಣ ಕ್ಯಾಮೆರಾ ಇದ್ದಾಗ ಬದುಕಿನ ಹಿಂದೆ ಓಡಾಡಬಹುದಿತ್ತು. ಮಾತು ಬೇಕು ಎಂದ ಕೂಡಲೇ ಎಲ್ಲವೂ ನಿಂತಲ್ಲೇ ನಿಲ್ಲುತ್ತಿತ್ತು. ಮುಂದೆ ಅವರು ಅಮೆರಿಕದ ಸಾಕ್ಷ್ಯಚಿತ್ರಕಾರರಾದ ರಾಬರ್ಟ್ ಡ್ರೂ, ಡಿ. ಎ. ಪೆನ್ನಿಬೇಕರ್, ಆಲ್ಬರ್ಟ್ ಮೇಸಲ್ಸ್ ಅವರ ಜೊತೆ ಸೇರಿ ಆ ಗೋಡೆ ಒಡೆದರು. ಸ್ಟೆಫಾನ್ ಕುಡೆಲ್ಸ್ಕಿ ರೂಪಿಸಿದ ನಾಗ್ರಾ ಟೇಪ್ ರೆಕಾರ್ಡರನ್ನು ಹೆಗಲಿಗೆ ಹಾಕಿಕೊಂಡು ಓಡಾಡಬಹುದಿತ್ತು. 16 ಎಂಎಂ ಕ್ಯಾಮೆರಾಗಳನ್ನು ಬಿಚ್ಚಿ, ಹಗುರ ಮಾಡಿ, ಮತ್ತೆ ಜೋಡಿಸಿದರು. 1960ರಲ್ಲಿ ಅಮೆರಿಕದ ವಿಸ್ಕಾನ್ಸಿನ್‌ನಲ್ಲಿ ಕೆನಡಿ ಮತ್ತು ಹಂಫ್ರಿ ನಡುವೆ ಅಧ್ಯಕ್ಷ ಅಭ್ಯರ್ಥಿ ಯಾರಾಗಬೇಕು ಎಂದು ನಡೆದ ಪಕ್ಷದ ಒಳಚುನಾವಣೆಯನ್ನು ‘ಪ್ರೈಮರಿ’ ಎಂಬ ಚಿತ್ರವಾಗಿ ಹಿಡಿದರು. ಅದರಲ್ಲಿ ಮೇಸಲ್ಸ್ ಕ್ಯಾಮೆರಾವನ್ನು ತಲೆಯ ಮೇಲೆ ಎತ್ತಿ ಹಿಡಿದು, ಗುಂಪಿನ ನಡುವೆ ಕೆನಡಿಯ ಬೆನ್ನ ಹಿಂದೆಯೇ ನಡೆದು ಹೋಗುವ ಒಂದು ಶಾಟ್ ಇದೆ. ಈಗ ನೋಡಿದರೆ ಮಾಮೂಲಿ ಅನ್ನಿಸಬಹುದು. ಅದು ಮಾಮೂಲಿ ಅನ್ನಿಸುವುದೇ ಅವರು ಮಾಡಿದ ಕೆಲಸದ ದೊಡ್ಡತನ. ಇವತ್ತು ನಾವೆಲ್ಲ ಹಾಗೆಯೇ ನಡೆಯುತ್ತೇವೆ.

ಅದೇ ವರ್ಷದ ಬೇಸಿಗೆಯಲ್ಲಿ ಪ್ಯಾರಿಸ್ಸಿನಲ್ಲಿ ಜಾನ್ ರೂಶ್ ಮತ್ತು ಎಡ್ಗರ್ ಮೋರಾನ್ ಇನ್ನೊಂದು ಚಿತ್ರ ಮಾಡುತ್ತಿದ್ದರು. ಅದಕ್ಕೆ ಕೆನಡಾದ ಕ್ಯೂಬೆಕ್‌ನಿಂದ ಮಿಶೆಲ್ ಬ್ರೋ ಬಂದು ಕ್ಯಾಮೆರಾ ಹಿಡಿದರು. ವೈಡ್ ಲೆನ್ಸ್ ಹಾಕಿಕೊಂಡು ಜನರ ಹತ್ತಿರ ನಡೆಯುವ ಅಭ್ಯಾಸ ಅವರಿಗೆ ಮೊದಲೇ ಇತ್ತು. ಬಟ್ಟೆಗೆ ಸಿಕ್ಕಿಸುವ ಸಣ್ಣ ಮೈಕ್ ಕೂಡ ಅವರ ಜೊತೆಯೇ ಬಂತು. 1961ರಲ್ಲಿ ಬಂದ ಆ ಚಿತ್ರದ ಹೆಸರು ‘ಕ್ರಾನಿಕ್ ದ್ಯುನ್ ಎತೆ’, ಒಂದು ಬೇಸಿಗೆಯ ವೃತ್ತಾಂತ. ಅದರಲ್ಲಿ ಮಾರ್ಸೆಲೀನ್ ಲೊರಿಡಾನ್ ಎಂಬ ಯುವತಿ ಒಬ್ಬಳೇ ನಡೆಯುತ್ತಾಳೆ. ನಾಜಿಗಳ ಕ್ಯಾಂಪಿನಿಂದ ಬದುಕಿ ಬಂದವಳು. ಅವಳ ಅಪ್ಪ ವಾಪಸ್ ಬರಲಿಲ್ಲ. ನಡೆಯುತ್ತಾ ತನಗೆ ತಾನೇ ಹೇಳಿಕೊಳ್ಳುವಂತೆ ಅಪ್ಪನ ಜೊತೆ ಮಾತಾಡುತ್ತಾಳೆ. ರೆಕಾರ್ಡರ್ ಅವಳ ಹೆಗಲ ಮೇಲೇ ಇದೆ, ಮೈಕ್ ಎದೆಯ ಹತ್ತಿರ. ಕ್ಯಾಮೆರಾ ಕಾರಿನಲ್ಲಿದೆ. ಕಾರು ಅವಳಿಂದ ಮೆಲ್ಲಗೆ ದೂರ ಸರಿಯುತ್ತದೆ. ಅವಳು ಸಣ್ಣಗಾಗುತ್ತಾ ಹೋಗುತ್ತಾಳೆ, ಅವಳ ದನಿ ಮಾತ್ರ ನಮ್ಮ ಕಿವಿಯಲ್ಲೇ ಉಳಿಯುತ್ತದೆ. ಯಾರಾದರೂ ಕ್ಲೋಸಪ್ಪಿನ ಬಗ್ಗೆ ಕೇಳಿದರೆ ನಾನು ಮೊದಲು ಇದನ್ನು ನೋಡಿ ಅನ್ನುತ್ತೇನೆ. ದನಿ ಹತ್ತಿರ ಇದ್ದರೆ ಕ್ಯಾಮೆರಾ ದೂರ ಹೋಗಬಹುದು. ಅಳುವ ಮುಖದ ಮೇಲೆ ಝೂಮ್ ಮಾಡುವ ಕೈಗಳಿಗೆ ಇದು ಗೊತ್ತಾಗಬೇಕು.

ಫ್ರೆಡರಿಕ್ ವೈಸ್‌ಮನ್ ಅವರ ಕೆಲಸದ ರೀತಿಯನ್ನು ನಾನು ಬಹಳ ಗೌರವದಿಂದ ನೋಡುತ್ತೇನೆ. ಆಸ್ಪತ್ರೆ, ಶಾಲೆ, ಗ್ರಂಥಾಲಯ ಹೀಗೆ ಒಂದೊಂದು ಸಂಸ್ಥೆಯನ್ನು ಹಿಡಿದು ಚಿತ್ರ ಮಾಡಿದವರು ಅವರು. ಅವರು ನಿರ್ದೇಶಕರು ಮಾತ್ರ ಅಲ್ಲ, ಶೂಟಿಂಗ್ ಜಾಗದಲ್ಲಿ ಧ್ವನಿ ಮುದ್ರಿಸುತ್ತಿದ್ದವರೂ ಅವರೇ. ಜಾನ್ ಡೇವಿ ದಶಕಗಳ ಕಾಲ ಅವರಿಗೆ ಕ್ಯಾಮೆರಾ ಹಿಡಿದರು. ನಿರ್ದೇಶಕರ ಕೈಯಲ್ಲಿ ಮೈಕು, ಕ್ಯಾಮೆರಾ ಇನ್ನೊಬ್ಬರ ಹೆಗಲ ಮೇಲೆ. ಮೈಕ್ ಯಾರ ಕಡೆ ಬಾಗುತ್ತದೋ, ಒಂದು ಸಣ್ಣ ಸನ್ನೆ ಏನು ಹೇಳುತ್ತದೋ, ಅದನ್ನು ನೋಡಿ ಕ್ಯಾಮೆರಾ ತಿರುಗುತ್ತಿತ್ತು. ನನ್ನ ಪಾಲಿಗೆ ಇದಕ್ಕಿಂತ ಒಳ್ಳೆಯ ಪಾಠ ಇಲ್ಲ.

ಸೌಂಡ್ ರೆಕಾರ್ಡಿಸ್ಟ್ ಜೊತೆಗಿನ ಸಂಬಂಧದ ಬಗ್ಗೆ ಯಾರೂ ಜಾಸ್ತಿ ಬರೆಯುವುದಿಲ್ಲ. ಆದರೆ ದಿನವಿಡೀ ನನ್ನ ಪಕ್ಕದಲ್ಲಿ ಇರುವವರು ಅವರು. ನನ್ನ ಫ್ರೇಮ್ ಎಷ್ಟು ಅಗಲ ಇದೆ ಎಂದು ಅವರಿಗೆ ಗೊತ್ತಿರಬೇಕು, ಇಲ್ಲದಿದ್ದರೆ ಬೂಮ್, ಅಂದರೆ ಉದ್ದ ಕೋಲಿನ ತುದಿಯ ಮೈಕ್, ಫ್ರೇಮಿನ ಒಳಗೆ ಬರುತ್ತದೆ. ಕೋಣೆಯ ಆ ಮೂಲೆಯಲ್ಲಿ ಪಿಸುಗುಟ್ಟುತ್ತಿರುವುದು ನನಗೆ ಕಾಣದೆ ಇದ್ದರೂ ಅವರಿಗೆ ಕೇಳಿಸಿರುತ್ತದೆ. ಅವರು ಮೊಣಕೈ ತಾಗಿಸುತ್ತಾರೆ. ನಾನು ಯಾಕೆ ಎಂದು ಕೇಳದೆ ತಿರುಗುತ್ತೇನೆ. ಈಗ ಬಜೆಟ್ ಉಳಿಸಲು ಮೊದಲು ತೆಗೆಯುವುದು ಸೌಂಡ್ ರೆಕಾರ್ಡಿಸ್ಟನ್ನೇ. ಕ್ಯಾಮೆರಾ ಮೇಲೆ ಒಂದು ಮೈಕ್ ಕೂರಿಸಿ, ಬಟ್ಟೆಗೆ ಸಿಕ್ಕಿಸುವ ಒಂದು ವೈರ್‌ಲೆಸ್ ಲೇಪಲ್ ಮೈಕ್ ಕೊಟ್ಟು, ‘ನೀವೇ ನೋಡ್ಕೊಳ್ಳಿ’ ಅನ್ನುತ್ತಾರೆ. ಆಗುತ್ತದೆ, ಮಾಡುತ್ತೇವೆ. ಆದರೆ ಎರಡು ಜೊತೆ ಕಿವಿ ಇದ್ದಾಗ ಆಗುವ ಚಿತ್ರ ಒಂದೇ ಜೊತೆ ಕಿವಿಯಿಂದ ಆಗುವುದಿಲ್ಲ. ಈ ವಿಷಯದಲ್ಲಿ ನಾನು ಪ್ರತಿ ಸಲ ಜಗಳ ಆಡುತ್ತೇನೆ.

ನನ್ನ ಮಾತಿಗೆ ಒಂದು ಗಟ್ಟಿಯಾದ ಎದುರು ಉದಾಹರಣೆ ಇದೆ. ಅದನ್ನು ಮುಚ್ಚಿಡುವುದು ಸರಿಯಲ್ಲ. ಉತ್ತರ ಮ್ಯಾಸಿಡೋನಿಯಾದ ‘ಹನಿಲ್ಯಾಂಡ್’ 2019ರಲ್ಲಿ ಬಂತು. ಬೆಟ್ಟದ ಹಳ್ಳಿಯೊಂದರಲ್ಲಿ ಹಾಸಿಗೆ ಹಿಡಿದ ತಾಯಿಯ ಜೊತೆ ಇರುವ ಜೇನು ಸಾಕುವ ಹೆಂಗಸಿನ ಕಥೆ. ಫೆಜ್ಮಿ ದೌತ್ ಮತ್ತು ಸಮೀರ್ ಲ್ಯೂಮಾ ಛಾಯಾಗ್ರಾಹಕರು. ಅಲ್ಲಿನ ಜನ ಆಡುತ್ತಿದ್ದುದು ಟರ್ಕಿಶ್ ಭಾಷೆಯ ಒಂದು ಹಳೆಯ ರೂಪ. ಅದು ಚಿತ್ರತಂಡಕ್ಕೆ ಅರ್ಥವಾಗುತ್ತಿರಲಿಲ್ಲ. ಮೂರು ವರ್ಷಗಳಲ್ಲಿ 400 ಗಂಟೆಗೂ ಮೀರಿದ ಫುಟೇಜ್ ಆಯಿತು. ಸಂಕಲನವನ್ನೂ ಮೊದಲು ಮಾತಿನ ಹಂಗಿಲ್ಲದೆ, ಬರೀ ಚಿತ್ರ ನೋಡಿಯೇ ಕಟ್ಟಿದರು. ಕರೆಂಟ್ ಇಲ್ಲದ ಮನೆ. ಕಿಟಕಿಯ ಬೆಳಕು, ದೀಪದ ಬೆಳಕು, ಬೆಂಕಿಯ ಬೆಳಕು ಅಷ್ಟೇ. ಆದರೂ ತಾಯಿ ಮಗಳ ನಡುವೆ ಏನು ನಡೆಯುತ್ತಿದೆ ಎಂಬುದು ಒಂದು ಫ್ರೇಮಿನಲ್ಲೂ ತಪ್ಪಿಲ್ಲ.

ಹಾಗಾದರೆ ನಾನು ಹೇಳಿದ್ದು ಸುಳ್ಳಾ? ನಾನು ಇದನ್ನು ತುಂಬಾ ಯೋಚಿಸಿದ್ದೇನೆ. ಅವರಿಗೆ ಪದಗಳು ಅರ್ಥವಾಗಲಿಲ್ಲ, ನಿಜ. ಆದರೆ ದನಿ ಏರುವುದು, ತಡೆಯುವುದು, ಉತ್ತರ ಬಾರದೆ ಇರುವುದು, ಇವೆಲ್ಲ ಯಾವ ಭಾಷೆಯಲ್ಲಾದರೂ ಕೇಳಿಸುತ್ತವೆ. ಅರ್ಥ ಗೊತ್ತಿಲ್ಲದಾಗ ದನಿಯನ್ನು ಇನ್ನೂ ಜಾಸ್ತಿ ಗಮನವಿಟ್ಟು ಕೇಳುತ್ತೇವೆ. ಗೊತ್ತಿಲ್ಲದ ಭಾಷೆಯ ಮನೆಯಲ್ಲಿ ಕ್ಯಾಮೆರಾ ಹಿಡಿದಾಗ ನನಗೂ ಹೀಗೇ ಆಗಿದೆ. ಮಾತಿನ ಸಾರಾಂಶ ಆಮೇಲೆ ಯಾರೋ ಹೇಳುತ್ತಾರೆ. ಆ ಮನೆಯಲ್ಲಿ ಯಾರ ಮಾತು ನಡೆಯುತ್ತದೆ, ಯಾರ ಮಾತಿಗೆ ಬೆಲೆ ಇಲ್ಲ ಎಂಬುದು ಮೊದಲ ದಿನವೇ ತಿಳಿಯುತ್ತದೆ. ಅದು ತಿಳಿದರೆ ಕ್ಯಾಮೆರಾ ಎಲ್ಲಿ ಇಡಬೇಕು ಎಂಬುದೂ ತಿಳಿಯುತ್ತದೆ.

ಇನ್ನು ಹೊಟ್ಟೆಪಾಡಿನ ವಿಷಯ. ಇದನ್ನು ಬೇಗ ಹೇಳಿಬಿಡುತ್ತೇನೆ, ಯಾಕೆಂದರೆ ಎಲ್ಲ ಕಡೆಯೂ ಕಥೆ ಒಂದೇ. ಸಂಬಳ ಇಲ್ಲ. ದಿನದ ಲೆಕ್ಕದಲ್ಲಿ ದುಡ್ಡು. ಕ್ಯಾಮೆರಾ ಸ್ವಂತದ್ದಿದ್ದರೆ ಅದರ ಬಾಡಿಗೆ ಬೇರೆ ಸಿಗುತ್ತದೆ, ಆದರೆ ಕೆಲವೇ ವರ್ಷಗಳಲ್ಲಿ ಅದು ಹಳೆಯದಾಗುತ್ತದೆ. ಜಾಹೀರಾತು, ಕಂಪನಿಗಳ ವಿಡಿಯೊ, ಟಿವಿ ಕಾರ್ಯಕ್ರಮ ಇವು ಮನೆ ನಡೆಸುತ್ತವೆ. ಸಾಕ್ಷ್ಯಚಿತ್ರಗಳಿಗೆ ಅನುದಾನ ಬಂದಾಗ ದುಡ್ಡು, ಬಾರದಿದ್ದಾಗ ಬರೀ ಭರವಸೆ. ಇದರಲ್ಲಿ ನಾಚಿಕೆಪಡುವುದು ಏನೂ ಇಲ್ಲ. ಎಲೆನ್ ಕುರಾಸ್ ದೊಡ್ಡ ದೊಡ್ಡ ಕಥಾಚಿತ್ರಗಳಿಗೆ ಕ್ಯಾಮೆರಾ ಹಿಡಿಯುತ್ತಲೇ ಲಾವೋಸ್‌ನಿಂದ ಅಮೆರಿಕಕ್ಕೆ ಬಂದ ಒಂದು ಕುಟುಂಬವನ್ನು 23 ವರ್ಷ ಚಿತ್ರೀಕರಿಸಿದರು. ಆ ಕುಟುಂಬದ ಮಗ ತಾವಿಸೌಕ್ ಫ್ರಸವತ್ ಅವರ ಜೊತೆಗೂಡಿ ಮಾಡಿದ ಆ ಚಿತ್ರ 2008ರಲ್ಲಿ ಹೊರಬಂತು. ಒಂದು ಕಡೆ ದುಡಿದು ಇನ್ನೊಂದು ಕಡೆ ಖರ್ಚು ಮಾಡುವುದು ಈ ಕ್ಷೇತ್ರದಲ್ಲಿ ಮೊದಲಿನಿಂದಲೂ ಇದೆ.

ಕಾಲದ ವಿಷಯ ಮಾತ್ರ ಸ್ವಲ್ಪ ನಿಧಾನವಾಗಿ ಹೇಳಬೇಕು. ‘ಹೂಪ್ ಡ್ರೀಮ್ಸ್’ ಶುರುವಾದದ್ದು ಅರ್ಧ ಗಂಟೆಯ ಚಿತ್ರ ಮಾಡೋಣ ಎಂದು. ಬ್ಯಾಸ್ಕೆಟ್‌ಬಾಲ್ ಆಡುವ ಇಬ್ಬರು ಹುಡುಗರ ಹಿಂದೆ ತಂಡ ಐದು ವರ್ಷ ಹೋಯಿತು. ಪೀಟರ್ ಗಿಲ್ಬರ್ಟ್ ಕ್ಯಾಮೆರಾ. ಸುಮಾರು 250 ಗಂಟೆಯ ಫುಟೇಜ್, ಕೊನೆಗೆ 1994ರಲ್ಲಿ ಬಂದ ಚಿತ್ರ ಮೂರು ಗಂಟೆಗೆ ಸ್ವಲ್ಪ ಕಡಿಮೆ. ವಿಡಿಯೊದಲ್ಲಿ ಹಿಡಿದದ್ದರಿಂದ ಅದು ಸಾಧ್ಯವಾಯಿತು. 16 ಎಂಎಂ ಫಿಲ್ಮಿನಲ್ಲಿ 400 ಅಡಿಯ ಒಂದು ರೋಲ್ ಅಂದರೆ ಹನ್ನೊಂದು ನಿಮಿಷ. ಆಮೇಲೆ ಮ್ಯಾಗಜಿನ್, ಅಂದರೆ ಫಿಲ್ಮ್ ತುಂಬಿದ ಡಬ್ಬಿ, ಬದಲಿಸಬೇಕು. ಪ್ರತಿ ನಿಮಿಷಕ್ಕೂ ದುಡ್ಡು. ಹಾಗಾಗಿ ಆಗಿನವರು ಕ್ಯಾಮೆರಾ ಆಫ್ ಇದ್ದಾಗಲೂ ಮೈಯೆಲ್ಲ ಕಿವಿಯಾಗಿ ಇರಬೇಕಿತ್ತು. ಈಗ ಮೆಮೊರಿ ಕಾರ್ಡ್ ಗಂಟೆಗಟ್ಟಲೆ ಓಡುತ್ತದೆ. ಇದು ವರ, ನಾನು ಅದನ್ನು ಬೈಯುವುದಿಲ್ಲ. ಮುದುಕರೊಬ್ಬರು ವಿಷಯಕ್ಕೆ ಬರಲು ನಲವತ್ತು ನಿಮಿಷ ತೆಗೆದುಕೊಂಡರೆ ಅವರನ್ನು ತಡೆಯುವ ಅಗತ್ಯ ಈಗ ಇಲ್ಲ. ಆದರೆ ಕ್ಯಾಮೆರಾ ಓಡುತ್ತಿದೆ ಎಂಬ ಧೈರ್ಯದಲ್ಲಿ ಕೇಳುವುದನ್ನು ಬಿಟ್ಟುಬಿಡುವ ಅಪಾಯ ಇದೆ. ರೆಕಾರ್ಡ್ ಆಗುತ್ತಿದೆಯಲ್ಲ, ಆಮೇಲೆ ನೋಡಿದರಾಯ್ತು ಅನ್ನಿಸುತ್ತದೆ. ಆಮೇಲೆ ನೋಡುವವರು ಎಡಿಟರ್. ಎಲ್ಲರೂ ಗಮನ ಬಿಟ್ಟಾಗ ಹಿಡಿದ ಫುಟೇಜ್ ಯಾವುದು ಎಂದು ಅವರಿಗೆ ಒಂದೇ ನೋಟಕ್ಕೆ ಗೊತ್ತಾಗುತ್ತದೆ.

ನನ್ನ ಕೆಲಸದಲ್ಲಿ ಅತ್ಯಂತ ಕಷ್ಟದ ತೀರ್ಮಾನ ಕ್ಯಾಮೆರಾ ಎತ್ತುವುದಲ್ಲ, ಎತ್ತಿದ್ದನ್ನು ಇಳಿಸುವುದು. ‘ಫ್ರೀ ಸೋಲೊ’ ಚಿತ್ರದಲ್ಲಿ ಅಲೆಕ್ಸ್ ಹೊನ್ನಾಲ್ಡ್ 2017ರ ಜೂನ್‌ನಲ್ಲಿ ಹಗ್ಗವಿಲ್ಲದೆ ಎಲ್ ಕ್ಯಾಪಿಟನ್ ಎಂಬ ಸುಮಾರು 900 ಮೀಟರ್ ಬಂಡೆ ಹತ್ತಿದಾಗ, ಚಿತ್ರ ಹಿಡಿಯುತ್ತಿದ್ದವರು ಅವನ ಗೆಳೆಯರೇ, ಎಲ್ಲರೂ ಬಂಡೆ ಹತ್ತುವವರೇ. ಅತಿ ಕಷ್ಟದ ಜಾಗದಲ್ಲಿ ಯಾರೂ ಇರದೆ ದೂರದಿಂದ ನಡೆಸುವ ಕ್ಯಾಮೆರಾ ಇಟ್ಟರು. ಮನುಷ್ಯರಿದ್ದರೆ ಅವನ ಗಮನ ಕೆಡಬಹುದು ಎಂಬ ಭಯ. ಕೆಳಗೆ ನಿಂತು ಲಾಂಗ್ ಲೆನ್ಸಿನಲ್ಲಿ ಹಿಡಿಯುತ್ತಿದ್ದ ಮೈಕಿ ಶೇಫರ್ ಕ್ಯಾಮೆರಾವನ್ನು ಓಡಲು ಬಿಟ್ಟು ಮುಖ ಬೇರೆ ಕಡೆ ತಿರುಗಿಸಿಕೊಳ್ಳುತ್ತಾರೆ. ಅದು ಚಿತ್ರದಲ್ಲೇ ಇದೆ. ನೋಡಲಾಗದ್ದನ್ನು ಹಿಡಿಯಬಹುದೇ ಎಂಬ ಪ್ರಶ್ನೆಗೆ ಇಷ್ಟು ನೇರವಾದ ದೃಶ್ಯ ನಾನು ಇನ್ನೊಂದು ನೋಡಿಲ್ಲ.

ನಮಗೆ ಬರುವ ಸಂದರ್ಭಗಳು ಇಷ್ಟು ಎತ್ತರದಲ್ಲಿ ಇರುವುದಿಲ್ಲ. ಒಬ್ಬ ತಾಯಿ ಮಗನ ಬಟ್ಟೆ ಮಡಚುತ್ತಾ ನಿಂತುಬಿಡುತ್ತಾಳೆ. ಅವಳು ಒಪ್ಪಿಗೆ ಪತ್ರಕ್ಕೆ ಸಹಿ ಹಾಕಿದ್ದಾಳೆ, ನಿಜ. ಆ ಸಹಿ ಈ ಗಳಿಗೆಗೂ ಅನ್ವಯಿಸುತ್ತದಾ? ನಿರ್ದೇಶಕರು ಪಕ್ಕದ ಕೋಣೆಯಲ್ಲಿ ಇದ್ದಾರೆ. ಕೇಳಲು ಸಮಯ ಇಲ್ಲ. ತೀರ್ಮಾನ ನನ್ನದೇ. ಇಲ್ಲಿಯೂ ನಾನು ಕೇಳಿಸಿಕೊಳ್ಳುತ್ತೇನೆ. ಅವಳು ಕ್ಯಾಮೆರಾವನ್ನು ಮರೆತು ಮೌನವಾಗಿದ್ದಾಳಾ, ಅಥವಾ ಕ್ಯಾಮೆರಾ ಇದೆ ಎಂದು ಮೌನವಾಗಿದ್ದಾಳಾ? ಎರಡು ಮೌನಗಳೂ ಬೇರೆ ಬೇರೆ. ಎರಡನೆಯದು ಅನ್ನಿಸಿದರೆ ಇಳಿಸುತ್ತೇನೆ. ಇದಕ್ಕಾಗಿ ಯಾವ ಒಳ್ಳೆಯ ನಿರ್ದೇಶಕರೂ ನನ್ನ ಮೇಲೆ ಸಿಟ್ಟಾಗಿಲ್ಲ.

ಇನ್ನೊಂದು ಬಗೆಯ ಅಪಾಯವೂ ಇದೆ. 1973ರ ಜೂನ್ 29ರಂದು ಚಿಲಿಯ ಸಾಂಟಿಯಾಗೊದಲ್ಲಿ ಸೇನೆಯ ಒಂದು ಗುಂಪು ಬಂಡೆದ್ದಿತು. ಲಿಯೊನಾರ್ಡೊ ಹೆನ್ರಿಕ್ಸನ್ ಎಂಬ ಕ್ಯಾಮೆರಾಮನ್, ತನ್ನ ಕಡೆಗೇ ಗುಂಡು ಹಾರಿಸುತ್ತಿದ್ದ ಸೈನಿಕರನ್ನು ಹಿಡಿಯುತ್ತಲೇ ಸತ್ತರು. ಪತ್ರೀಸಿಯೊ ಗುಸ್ಮಾನ್ ಅವರ ‘ದಿ ಬ್ಯಾಟಲ್ ಆಫ್ ಚಿಲಿ’ಯ ಮೊದಲ ಭಾಗದಲ್ಲಿ ಆ ತುಣುಕು ಇದೆ. ಅದೇ ಚಿತ್ರದ ಛಾಯಾಗ್ರಾಹಕ ಹೊರ್ಹೆ ಮ್ಯೂಲರ್ ಸಿಲ್ವಾ ಅವರನ್ನು 1974ರ ನವೆಂಬರ್‌ನಲ್ಲಿ ಸರ್ವಾಧಿಕಾರಿ ಪಿನೊಶೆಯ ರಹಸ್ಯ ಪೊಲೀಸರು ಎತ್ತಿಕೊಂಡು ಹೋದರು. ಅವರು ಮತ್ತೆ ಸಿಗಲೇ ಇಲ್ಲ. ಫಿಲ್ಮ್ ರೋಲುಗಳು ಮಾತ್ರ ಗುಟ್ಟಾಗಿ ದೇಶ ದಾಟಿ, ಚಿತ್ರವಾಯಿತು. ಚಿತ್ರವನ್ನು ಅವರಿಗೇ ಅರ್ಪಿಸಿದ್ದಾರೆ. ಕ್ಯಾಮೆರಾ ಶಾಲೆಗಳಲ್ಲಿ ಲೆನ್ಸಿನ ಪಾಠದ ಜೊತೆ ಮ್ಯೂಲರ್ ಹೆಸರನ್ನೂ ಹೇಳಿಕೊಡಬೇಕು ಎಂಬುದು ನನ್ನ ಆಸೆ.

ಹಿಡಿದ ಚಿತ್ರ ಯಾರದ್ದು? ಕಾನೂನಿನ ಪ್ರಕಾರ ನಿರ್ಮಾಪಕರದ್ದು. ನ್ಯಾಯವಾಗಿ ನೋಡಿದರೆ ಅದರಲ್ಲಿರುವ ಜನರದ್ದು. ನಮ್ಮ ಹತ್ತಿರ ಉಳಿಯುವುದು ನೆನಪು. ಕಿರ್ಸ್ಟನ್ ಜಾನ್ಸನ್ ಇಪ್ಪತ್ತೈದು ವರ್ಷ ಬೇರೆಯವರ ಸಾಕ್ಷ್ಯಚಿತ್ರಗಳಿಗೆ ಕ್ಯಾಮೆರಾ ಹಿಡಿದು, ಆ ಫುಟೇಜಿನಲ್ಲಿ ತನ್ನನ್ನು ಬಿಡದೆ ಕಾಡಿದ ತುಣುಕುಗಳನ್ನು ಕೂಡಿಸಿ 2016ರಲ್ಲಿ ‘ಕ್ಯಾಮೆರಾಪರ್ಸನ್’ ಮಾಡಿದರು. ಅದರಲ್ಲಿ ಜಾನ್ಸನ್ ಅವರ ಮುಖ ಕಾಣುವುದು ತೀರಾ ಕಡಿಮೆ. ದನಿ ಮಾತ್ರ ಕೇಳಿಸುತ್ತಲೇ ಇರುತ್ತದೆ. ಮಿಂಚು ಹೊಡೆದಾಗ ಬೆಚ್ಚಿದ ಉಸಿರು, ಸೀನಿದ ಸದ್ದು, ಕ್ಯಾಮೆರಾ ಅಲುಗಾಡುವುದು. ಕ್ಯಾಮೆರಾ ಹಿಂದೆ ಇರುವವರ ಬಗ್ಗೆ ತಿಳಿಯಬೇಕೆಂದರೆ ನೋಡುವುದಕ್ಕಿಂತ ಜಾಸ್ತಿ ಕೇಳಬೇಕು ಎಂದು ಆ ಚಿತ್ರ ತೋರಿಸುತ್ತದೆ. ನನ್ನಂಥವರಿಗೆ ಅದು ಮನೆಯವರು ಬರೆದ ಪತ್ರ.

ದೇಹದ ಮಾತೂ ಇದೆ. ಬಲಗೈಯವರಿಗೆ ಬಲಭುಜ, ಸೊಂಟ, ಮಂಡಿ ಈ ಮೂರೂ ಒಂದೊಂದಾಗಿ ನೋವು ಹೇಳಿಕೊಳ್ಳಲು ಶುರು ಮಾಡುತ್ತವೆ. ಹಿಂದಕ್ಕೆ ನಡೆಯುತ್ತಾ, ಉಸಿರು ಹಿಡಿದು, ಮಂಡಿ ಸ್ವಲ್ಪ ಬಗ್ಗಿಸಿ ವರ್ಷಗಟ್ಟಲೆ ನಡೆದರೆ ಆಗುವುದೇ ಹಾಗೆ. ಆದರೆ ಇದು ಬೇಗ ಮುಗಿಯುವ ವೃತ್ತಿ ಅಲ್ಲ. ಲೀಕಾಕ್ ಅರವತ್ತು ದಾಟಿದ ಮೇಲೆ ಪ್ಯಾರಿಸ್ಸಿಗೆ ಹೋಗಿ, ಅಂಗೈಗೆ ಸಿಗುವ ವಿಡಿಯೊ ಕ್ಯಾಮೆರಾದಲ್ಲಿ ಹೊಸದಾಗಿ ಶುರು ಮಾಡಿದರು. ಜೀವನವಿಡೀ ಹಗುರ ಕ್ಯಾಮೆರಾಗಾಗಿ ಹಂಬಲಿಸಿದವರಿಗೆ ಅದು ಸಿಕ್ಕಿದ್ದು ನನಗೆ ಇವತ್ತಿಗೂ ಖುಷಿ ಕೊಡುವ ವಿಷಯ. ಮೇಸಲ್ಸ್ 2015ರಲ್ಲಿ 88ನೇ ವಯಸ್ಸಿನಲ್ಲಿ ತೀರಿಕೊಳ್ಳುವವರೆಗೂ ಕೆಲಸದಲ್ಲೇ ಇದ್ದರು.

ಮನ್ನಣೆ ಬರುವುದು ತಡ. 1930ರಲ್ಲಿ ಅಂಟಾರ್ಕ್ಟಿಕಾ ಯಾತ್ರೆಯ ಚಿತ್ರಕ್ಕಾಗಿ ಜೋಸೆಫ್ ರಕರ್ ಮತ್ತು ವಿಲಾರ್ಡ್ ವಾನ್ ಡರ್ ವೀರ್ ಛಾಯಾಗ್ರಹಣದ ಆಸ್ಕರ್ ಪಡೆದಿದ್ದರು. ಆಮೇಲೆ ಆ ಪ್ರಶಸ್ತಿ ಕಥಾಚಿತ್ರಗಳದ್ದೇ ಆಗಿಹೋಯಿತು. ಅಮೆರಿಕದ ಛಾಯಾಗ್ರಾಹಕರ ಸಂಘ 2020ರಲ್ಲಿ ಸಾಕ್ಷ್ಯಚಿತ್ರದ ಪ್ರಶಸ್ತಿಯನ್ನು ‘ಹನಿಲ್ಯಾಂಡ್’ನ ಇಬ್ಬರಿಗೆ ಕೊಟ್ಟಾಗ ನಮ್ಮ ಕಸುಬಿನವರೆಲ್ಲ ಸಂಭ್ರಮಪಟ್ಟೆವು.

ಈ ಕೆಲಸಕ್ಕೆ ಬರಬೇಕೆನ್ನುವವರು ಎಲ್ಲಿಂದ ಶುರು ಮಾಡಬೇಕು? ಸಾಮಾನ್ಯವಾಗಿ ಕ್ಯಾಮೆರಾ ಅಸಿಸ್ಟೆಂಟ್ ಆಗಿ ಸೇರುತ್ತಾರೆ. ಬ್ಯಾಟರಿ ಚಾರ್ಜ್ ಮಾಡುವುದು, ಲೆನ್ಸ್ ಒರೆಸುವುದು, ರಾತ್ರಿ ಕೂತು ಕಾರ್ಡುಗಳನ್ನು ಎರಡೆರಡು ಹಾರ್ಡ್ ಡಿಸ್ಕಿಗೆ ಹಾಕಿ ತೆರೆದು ನೋಡುವುದು. ಇವೆಲ್ಲ ಬೇಕು. ಆದರೆ ಬೂಮ್ ಹಿಡಿಯಲು ಯಾರಾದರೂ ಕರೆದರೆ ಅದನ್ನೇ ಮೊದಲು ಒಪ್ಪಿಕೊಳ್ಳಿ. ಕೆಲವು ತಿಂಗಳು ಹೆಡ್‌ಫೋನ್ ಹಾಕಿಕೊಂಡು ಬೇರೆಯವರ ಕ್ಯಾಮೆರಾ ಯಾವಾಗ ತಡವಾಗುತ್ತದೆ ಎಂದು ಗಮನಿಸಿ. ಮಾತು ಎಲ್ಲಿಂದ ಬರುತ್ತದೆ ಎಂದು ಕೈಗೆ ಮೊದಲೇ ಗೊತ್ತಾಗಲು ಶುರುವಾದಾಗ ಕ್ಯಾಮೆರಾ ಕೇಳಿ. ಎಡಿಟಿಂಗ್ ರೂಮಿನಲ್ಲಿ ಕೂರಲು ಅವಕಾಶ ಸಿಕ್ಕರೆ ಅದನ್ನೂ ಬಿಡಬೇಡಿ. ಎಡಿಟರ್ ಯಾವ ಶಾಟ್ ಹುಡುಕಿ ಸಿಗದೆ ಒದ್ದಾಡುತ್ತಾರೆ ಎಂದು ಬರೆದಿಟ್ಟುಕೊಳ್ಳಿ. ಮುಂದಿನ ಶೂಟಿಂಗಿನಲ್ಲಿ ಆ ಪಟ್ಟಿ ನಿಮ್ಮ ಕಿಸೆಯಲ್ಲಿರಲಿ.